ಬಾಚಣಿಗೆ ಹಿಡಿದ ಪೂಜನೀಯ ಪಿಯರ್ ಟೂಸೇಂಟ್



ನಿಮ್ಮ ತಲೆಯನ್ನು ಮುಟ್ಟುವ ಅಧಿಕಾರ ಎಷ್ಟು ಜನರಿಗಿದೆ? ಹೆತ್ತ ತಾಯಿಗಿದೆ. ಆಶೀರ್ವದಿಸುವ ಗುರುಗಳಿಗಿದೆ. ಆಮೇಲೆ ತಿಂಗಳಿಗೊಮ್ಮೆ ನಿಮ್ಮ ಕ್ಷೌರಿಕನಿಗಿದೆ. ಹುಣಸೂರಿನಲ್ಲಾಗಲಿ ಕೆ.ಆರ್. ನಗರದಲ್ಲಾಗಲಿ ಕಟಿಂಗ್ ಶಾಪಿನ ಕುರ್ಚಿಯಲ್ಲಿ ಕೂರಿಸಿ, ಕತ್ತಿನ ಸುತ್ತ ಬಟ್ಟೆ ಕಟ್ಟಿದ ಮೇಲೆ ಎಂಥ ದೊಡ್ಡ ಸಾಹುಕಾರನೂ ಅವನು ಹೇಳಿದ ಕಡೆ ತಲೆ ಬಗ್ಗಿಸಲೇಬೇಕು. ಕತ್ತಿ ಗಂಟಲಿನ ಮೇಲೆ ಓಡಾಡುವಾಗ ನಾವು ಕಣ್ಣು ಮುಚ್ಚಿ ಕುಳಿತಿರುತ್ತೇವೆ. ಅಷ್ಟು ನಂಬಿಕೆ ನಮಗೆ ಬೇರೆ ಯಾರ ಮೇಲೆ ಇದೆ ಹೇಳಿ?

ನಂಬಿಕೆ ಬಂದ ಕಡೆ ಬಾಯಿಯೂ ತೆರೆದುಕೊಳ್ಳುತ್ತದೆ. ಈ ಸಲ ಹೊಗೆಸೊಪ್ಪಿಗೆ ಸಿಕ್ಕ ಬೆಲೆ, ಮಗಳಿಗೆ ಬಂದ ಗಂಡು, ಅಣ್ಣತಮ್ಮಂದಿರ ಪಾಲುಪಾರೀಕತ್ತು, ಮೈಸೂರಿನ ಆಸ್ಪತ್ರೆಯಲ್ಲಿ ಡಾಕ್ಟರು ಹೇಳಿದ ಮಾತು, ಎಲ್ಲವೂ ಆ ಕುರ್ಚಿಯಲ್ಲಿ ಹೊರಗೆ ಬರುತ್ತವೆ. ನಮ್ಮ ತಾಯಂದಿರಿಗೂ ಹೆಣ್ಣುಮಕ್ಕಳಿಗೂ ಈಗ ಪಿರಿಯಾಪಟ್ಟಣ, ಎಚ್.ಡಿ. ಕೋಟೆಯಂಥ ಊರುಗಳಲ್ಲೂ ಬ್ಯೂಟಿ ಪಾರ್ಲರುಗಳಾಗಿವೆ. ಮದುವಣಗಿತ್ತಿಯ ಜಡೆ ಹೆಣೆಯುವ ಆ ಹೆಣ್ಣುಮಗಳು ಅವಳ ಮನೆಯವರು ಕೇಳದ ಎಷ್ಟೋ ಮಾತುಗಳನ್ನು ಕೇಳಿರುತ್ತಾಳೆ.

ಹೀಗೆ ತಲೆಗೂದಲು ಬಾಚುತ್ತಲೇ ಜನರ ಮನಸ್ಸನ್ನು ಆಲಿಸಿ, ಆ ಕಸುಬಿನಿಂದಲೇ ಪುಣ್ಯಜೀವಿಯಾದ ಒಬ್ಬರು ನಮ್ಮ ಧರ್ಮಸಭೆಯಲ್ಲಿದ್ದಾರೆ. ಕ್ಷೌರಿಕ ಸಂತರೆಂದರೆ ನಿಮಗೆ ಪೊರಕೆ ಹಿಡಿದ ಸಂತ ಮಾರ್ಟಿನ್ ಡಿ ಪೋರಸ್ ನೆನಪಾಗಬಹುದು. ಪೆರು ದೇಶದ ಲಿಮಾ ನಗರದಲ್ಲಿ ಕ್ಷೌರದ ಕೆಲಸ ಕಲಿತವರು, 1639ರಲ್ಲಿ ತೀರಿಕೊಂಡವರು, 1962ರಲ್ಲಿ ಸಂತ ಪದವಿ ಪಡೆದವರು. ಆದರೆ ಅವರು ಮಠ ಸೇರಿದರು. ನಾನು ಹೇಳಹೊರಟಿರುವವರು ಮಠ ಸೇರಲಿಲ್ಲ. ನಮ್ಮ ನಿಮ್ಮ ಹಾಗೆ ಮದುವೆಯಾದ, ದುಡಿದು ಮನೆ ನಡೆಸಿದ ಸಂಸಾರಿ. ಅವರ ಹೆಸರು ಪಿಯರ್ ಟೂಸೇಂಟ್. ಅಮೆರಿಕದಲ್ಲಿ ಅವರು ಬಹಳ ಪ್ರಸಿದ್ಧರು. ನಮ್ಮ ಕಡೆ ಅವರ ಹೆಸರು ಕೇಳಿದವರು ಕಡಿಮೆ. ಅಂದ ಹಾಗೆ, ಟೂಸೇಂಟ್ ಎಂಬ ಫ್ರೆಂಚ್ ಪದಕ್ಕೆ ಸಕಲ ಸಂತರು ಎಂಬ ಅರ್ಥವಿದೆ.

ಅವರು ಹುಟ್ಟಿದ್ದು ಗುಲಾಮರಾಗಿ. ಇಂದಿನ ಹೈಟಿ ದೇಶ ಆಗ ಫ್ರೆಂಚರ ವಸಾಹತು. ಅಲ್ಲಿನ ಆರ್ಟಿಬೊನೈಟ್ ಎಂಬ ಸೀಮೆಯಲ್ಲಿ ಬೆರಾರ್ ಎಂಬ ಜಮೀನ್ದಾರ ಮನೆತನದ ತೋಟವಿತ್ತು. ಪಿಯರನ ತಾಯಿ ಊರ್ಸುಲ್, ಅಜ್ಜಿ ಝೆನೋಬಿ ಇಬ್ಬರೂ ಆ ಮನೆಯ ಗುಲಾಮರು. ಸಾಮಾನ್ಯವಾಗಿ ಹೇಳುವಂತೆ 1766ರಲ್ಲಿ ಅವರ ಜನನ. ಕಬ್ಬಿನ ಗದ್ದೆಗೆ ಹೋದ ಗುಲಾಮರ ಪಾಡು ಎತ್ತಿಗಿಂತ ಕಡೆ. ಪಿಯರ್ ಮನೆಯೊಳಗಿನ ಆಳಾದ್ದರಿಂದ ಬದುಕಿಕೊಂಡ. ಅವನಿಗೆ ಜ್ಞಾನಸ್ನಾನವಾಯಿತು. ಮಾಲೀಕನ ಮಗಳು ಪುಟ್ಟ ಅರೋರಳೇ ಜ್ಞಾನತಾಯಿ. ಓದುಬರಹವನ್ನೂ ಕಲಿಸಿದರು. ಇದು ಎಲ್ಲ ಗುಲಾಮರಿಗೂ ಸಿಕ್ಕ ಭಾಗ್ಯವಲ್ಲ.

ದ್ವೀಪದಲ್ಲಿ ದಂಗೆಯ ಹೊಗೆ ಕಾಣಿಸತೊಡಗಿದಾಗ ಯುವ ಮಾಲೀಕ ಜಾನ್ ಬೆರಾರ್ ತನ್ನ ಹೆಂಡತಿ ಮರಿಯಳನ್ನೂ ಸಹೋದರಿಯರನ್ನೂ ಕರೆದುಕೊಂಡು ನ್ಯೂಯಾರ್ಕಿಗೆ ಬಂದ. ಪಿಯರ್ ಮತ್ತು ಅವನ ತಂಗಿ ರೊಸಾಲಿ ಕೂಡ ಆ ಹಡಗಿನಲ್ಲಿದ್ದರು. ಪಿಯರ್ ಒಂದು ಕಸುಬು ಕಲಿಯಲೆಂದು ಮಾಲೀಕ ಅವನನ್ನು ಮರ್ಚೆಂಟ್ ಎಂಬ ಕೇಶಶೃಂಗಾರಕಾರರ ಹತ್ತಿರ ಸೇರಿಸಿದ.

ಆ ಕಾಲದ ಸಿರಿವಂತ ಹೆಂಗಸರ ಕೂದಲಿನ ಅಲಂಕಾರವೆಂದರೆ ಸಾಮಾನ್ಯದ್ದಲ್ಲ. ಎತ್ತರಕ್ಕೆ ಎಬ್ಬಿಸಿ ಕಟ್ಟಿ, ಸುಗಂಧದ ಜಿಡ್ಡು ಸವರಿ, ಬಿಳಿ ಪುಡಿ ಉದುರಿಸಿ, ಹೂವು ರಿಬ್ಬನ್ನು ಸಿಕ್ಕಿಸಿ ಮುಗಿಸುವಷ್ಟರಲ್ಲಿ ಗಂಟೆಗಟ್ಟಲೆ ಹಿಡಿಯುತ್ತಿತ್ತು. ಆಮೇಲೆ ಗ್ರೀಕರ ಮಾದರಿಯ ಸರಳ ಮುಡಿ ರೂಢಿಗೆ ಬಂತು. ಯಾವುದು ಬಂದರೂ ಪಿಯರನ ಬೆರಳಿಗೆ ಒಲಿಯುತ್ತಿತ್ತು. ಬೇಗನೇ ಅವನು ನಗರದ ಅತ್ಯಂತ ಬೇಡಿಕೆಯ ಕೇಶಶೃಂಗಾರಕಾರನಾದ. ಅಂಗಡಿ ಇಟ್ಟು ಕೂರುವ ಪದ್ಧತಿಯಲ್ಲ, ಮನೆಮನೆಗೆ ಹೋಗುವ ಪದ್ಧತಿ. ನಮ್ಮ ಹಳ್ಳಿಗಳಲ್ಲಿ ಹಿಂದೆ ಕ್ಷೌರಿಕರು ಪೆಟ್ಟಿಗೆ ಹಿಡಿದು ಜಗಲಿಯಿಂದ ಜಗಲಿಗೆ ಹೋಗುತ್ತಿದ್ದುದನ್ನು ಹಿರಿಯರು ಕಂಡಿದ್ದಾರೆ. ವರ್ಷವಿಡೀ ಕ್ಷೌರ ಮಾಡಿ, ಸುಗ್ಗಿಯಲ್ಲಿ ಕಣಕ್ಕೆ ಹೋಗಿ ರಾಗಿಯನ್ನೋ ಭತ್ತವನ್ನೋ ಆಯವಾಗಿ ಪಡೆಯುತ್ತಿದ್ದರು. ಪಿಯರನಿಗೆ ದೊಡ್ಡ ಮನೆಗಳಿಂದ ರೊಕ್ಕವೇ ಸಿಗುತ್ತಿತ್ತು. ಆದರೆ ಕರಿಯರನ್ನು ಸಾರ್ವಜನಿಕ ಬಂಡಿಗಳಲ್ಲಿ ಹತ್ತಿಸಿಕೊಳ್ಳುತ್ತಿರಲಿಲ್ಲ. ದಿನಕ್ಕೆ ಹದಿನಾರು ಗಂಟೆ ದುಡಿಮೆ, ಮಳೆಯಿರಲಿ ಹಿಮವಿರಲಿ ಕಾಲ್ನಡಿಗೆ. ಒಂದು ಮನೆಯಲ್ಲಿ ಒಡತಿಯ ತಲೆಯ ಮೇಲೆ ಅವನ ಕೈ. ಹೊರಗೆ ಬಂದರೆ ಅದೇ ಒಡತಿ ಏರುವ ಬಂಡಿಯಲ್ಲಿ ಅವನಿಗೆ ಜಾಗವಿಲ್ಲ!

ಇನ್ನು ಬೆರಾರ್ ಮನೆಯ ಕಥೆ. ಆಸ್ತಿ ನೋಡಿಕೊಂಡು ಬರಲೆಂದು ಜಾನ್ ದ್ವೀಪಕ್ಕೆ ಹಿಂದಿರುಗಿದ. ಅಲ್ಲಿ ಆಸ್ತಿ ಕೈಬಿಟ್ಟು ಹೋಗಿತ್ತು, ಎದೆಯ ಕಾಯಿಲೆ ಬಂದು ಅವನೂ ತೀರಿಕೊಂಡ. ನ್ಯೂಯಾರ್ಕಿನಲ್ಲಿ ಹಣ ಇಟ್ಟಿದ್ದ ವ್ಯಾಪಾರಸಂಸ್ಥೆಯೂ ಮುಳುಗಿತು. ವಿಧವೆ ಮರಿಯ ಬೆರಾರ್ ಒಂದೇ ಬಾರಿಗೆ ಬಡವಳಾದಳು. ಒಂದು ದಿನ ಸಾಲ ಕೊಟ್ಟವನು ನಲವತ್ತು ಡಾಲರಿಗಾಗಿ ಬಾಗಿಲಿಗೆ ಬಂದ. ಆಕೆ ತನ್ನ ಒಡವೆಗಳನ್ನು ಪಿಯರನ ಕೈಗೆ ಕೊಟ್ಟು ಮಾರಿಕೊಂಡು ಬಾ ಎಂದಳು. ಕೆಲವು ದಿನಗಳ ನಂತರ ಅವನು ಎರಡು ಪೊಟ್ಟಣಗಳನ್ನು ತಂದು ಮುಂದಿಟ್ಟ. ಒಂದರಲ್ಲಿ ನಲವತ್ತು ಡಾಲರು, ತಾನು ಬಾಚಣಿಗೆ ಹಿಡಿದು ದುಡಿದು ಕೂಡಿಟ್ಟದ್ದು. ಇನ್ನೊಂದರಲ್ಲಿ ಆಕೆಯ ಒಡವೆಗಳು, ಕೊಟ್ಟ ಹಾಗೆಯೇ.

ಅಂದಿನಿಂದ ಆ ಮನೆಯನ್ನು ನಡೆಸಿದವನು ಗುಲಾಮನೇ. ಹೊರಗಿನವರಿಗೆ ಇದು ತಿಳಿಯಲಿಲ್ಲ. ಆಕೆ ಮಂಕಾಗಿ ಕುಳಿತ ದಿನ ಅವನೇ ಒತ್ತಾಯ ಮಾಡಿ ನಾಲ್ಕು ಜನ ಗೆಳತಿಯರನ್ನು ಕರೆಸುತ್ತಿದ್ದ. ಕರೆಯೋಲೆಗಳನ್ನು ತಾನೇ ಹೊತ್ತೊಯ್ದು ಕೊಟ್ಟು, ಸಂಜೆ ಬಂದು ಆಕೆಯ ಮುಡಿ ಕಟ್ಟಿ, ಒಂದು ಹೂವನ್ನು ಮುಡಿಸಿ, ಬಂದವರಿಗೆ ಹಣ್ಣು, ಐಸ್‌ಕ್ರೀಮು ಬಡಿಸುತ್ತಿದ್ದ. ಎಲ್ಲವೂ ಅವನ ಖರ್ಚು. ಕನ್ನಡಿಯಲ್ಲಿ ತನ್ನ ಮುಖ ಮತ್ತೆ ಚೆನ್ನಾಗಿ ಕಂಡಾಗ ಒಬ್ಬ ದುಃಖಿಗೆ ಎಷ್ಟು ಧೈರ್ಯ ಬರುತ್ತದೆ ಎಂಬುದನ್ನು ಈ ಕಸುಬಿನವರು ಬಲ್ಲಷ್ಟು ನಾವು ಬಲ್ಲೆವೇ?

ಮುಂದೆ ಮರಿಯ ಅದೇ ದ್ವೀಪದಿಂದ ಬಂದ ನಿಕೊಲಾಸ್ ಎಂಬ ಸಂಗೀತಗಾರನನ್ನು ಮರುಮದುವೆಯಾದಳು. 1807ರಲ್ಲಿ ಸಾವಿನ ಹಾಸಿಗೆಯಲ್ಲಿದ್ದಾಗ ಪಿಯರನಿಗೆ ಕಾನೂನುಬದ್ಧವಾಗಿ ಬಿಡುಗಡೆ ಕೊಟ್ಟಳು. ಆಗ ಅವರ ವಯಸ್ಸು ನಲವತ್ತರ ಮೇಲೆ.

ಇಲ್ಲಿ ಒಂದು ಮಾತು. ಗುಲಾಮನೊಬ್ಬ ಒಡತಿಯನ್ನು ಸಾಕಿದ ಕಥೆಯನ್ನು ಹೊಗಳುವಾಗ ನಾವು ಎಚ್ಚರವಾಗಿರಬೇಕು. ಗುಲಾಮಗಿರಿ ಒಳ್ಳೆಯದಿತ್ತೆಂದು ಯಾರೂ ಅದರಿಂದ ತಿಳಿಯಬಾರದು. ಟೂಸೇಂಟರು ಗುಲಾಮಗಿರಿ ವಿರುದ್ಧದ ಚಳವಳಿಗೆ ಬಹಿರಂಗವಾಗಿ ಇಳಿಯಲಿಲ್ಲವೆಂದು ಆಗಲೂ ಈಗಲೂ ದೂರುವವರಿದ್ದಾರೆ. ದೂರಿನಲ್ಲಿ ಹುರುಳಿಲ್ಲ ಎನ್ನಲಾರೆ. ತನ್ನ ದ್ವೀಪದಲ್ಲಿ ಹರಿದ ರಕ್ತದ ನೆನಪು ಅವರನ್ನು ತಡೆಯಿತೆಂದು ಅವರನ್ನು ಬಲ್ಲವರು ಬರೆದಿದ್ದಾರೆ. ಆದರೆ ಅವರ ಹಣ ಎಲ್ಲಿಗೆ ಹೋಯಿತು ನೋಡಿ. ತಂಗಿ ರೊಸಾಲಿಯ ಬಿಡುಗಡೆಗೆ ಹೋಯಿತು. ಜೂಲಿಯೆಟ್ ನೊಯೆಲ್ ಎಂಬ ಹೆಣ್ಣುಮಗಳ ಬಿಡುಗಡೆಗೆ ಹೋಯಿತು. ಇನ್ನೂ ಕೆಲವರ ಬಿಡುಗಡೆಗೆ ಹೋಯಿತು. ನ್ಯೂಯಾರ್ಕ್ ರಾಜ್ಯದಲ್ಲಿ ಗುಲಾಮಗಿರಿ ಪೂರ್ತಿ ಕೊನೆಗೊಂಡದ್ದು 1827ರಲ್ಲಿ. ಅದಕ್ಕಾಗಿ ಕಾಯದೆ ಒಬ್ಬೊಬ್ಬರನ್ನೇ ಕೊಂಡು ಬಿಡಿಸಿದ ಕೈ ಅದು.

ಜೂಲಿಯೆಟ್ ಅವರನ್ನು ಟೂಸೇಂಟರು 1811ರ ಆಗಸ್ಟ್ ತಿಂಗಳಲ್ಲಿ ವಿವಾಹವಾದರು. ಮಕ್ಕಳಾಗಲಿಲ್ಲ. ಕ್ಷಯದಿಂದ ತೀರಿಕೊಂಡ ರೊಸಾಲಿಯ ಎಳೆಗೂಸು ಯೂಫೆಮಿಯಾಳನ್ನು ಮಗಳಾಗಿ ಸಾಕಿದರು. ಬದುಕುತ್ತದೋ ಇಲ್ಲವೋ ಎಂಬಂತಿದ್ದ ಕೂಸು ಅದು. ಬೆಳೆದ ಮೇಲೆ ಪ್ರತಿವಾರ ಆಕೆ ಸೋದರಮಾವನೂ ಆದ ಈ ತಂದೆಗೆ ಫ್ರೆಂಚಿನಲ್ಲೂ ಇಂಗ್ಲಿಷಿನಲ್ಲೂ ಪತ್ರ ಬರೆಯಬೇಕು, ಅದು ಮನೆಯ ನಿಯಮ. ಒಂದೇ ಮನೆಯಲ್ಲಿದ್ದು ಪತ್ರವೇಕೆ ಎನ್ನಬೇಡಿ. ಅಪ್ಪ ಮನೆಗೆ ಬರುತ್ತಿದ್ದುದೇ ರಾತ್ರಿ ಹೊತ್ತು ಮೀರಿ. ಆ ಪುಟ್ಟ ಪತ್ರಗಳು ನ್ಯೂಯಾರ್ಕಿನ ಸಾರ್ವಜನಿಕ ಗ್ರಂಥಾಲಯದಲ್ಲಿ ಇಂದಿಗೂ ಇವೆ. ಮಗಳು ಹದಿನಾಲ್ಕರ ವಯಸ್ಸಿಗೆ, 1829ರಲ್ಲಿ, ತಾಯಿಯ ಕಾಯಿಲೆಯಿಂದಲೇ ಹೋದಳು. ಟೂಸೇಂಟರು ಬಹಳ ದಿನ ಮಾತಿಲ್ಲದಂತಿದ್ದರು.

ಈಗ ಅವರ ದಿನಚರಿಗೆ ಬರೋಣ. ಬೆಳಿಗ್ಗೆ ಆರು ಗಂಟೆಗೆ ಬಾರ್ಕ್ಲೇ ಬೀದಿಯ ಸಂತ ಪೇತ್ರರ ದೇವಾಲಯದಲ್ಲಿ ಬಲಿಪೂಜೆ. ಅದು ಆ ರಾಜ್ಯದ ಮೊದಲ ಕಥೋಲಿಕ ಧರ್ಮಕೇಂದ್ರ, 1785ರಲ್ಲಿ ಸ್ಥಾಪನೆಯಾದದ್ದು. ಅರವತ್ತು ವರ್ಷಗಳ ಕಾಲ ಪ್ರತಿದಿನವೂ ಅಲ್ಲಿ ಹಾಜರಿ. ಅಲ್ಲಿಂದ ನೇರ ಕೆಲಸಕ್ಕೆ. ಮೊದಲ ಮನೆ, ಎರಡನೆಯ ಮನೆ, ಹತ್ತನೆಯ ಮನೆ.

ಆ ಮನೆಗಳಲ್ಲಿ ಏನೇನು ಮಾತು ಬೀಳುತ್ತಿತ್ತೆಂದು ಊಹಿಸಿಕೊಳ್ಳಿ. ಗಂಡ ಹೆಂಡಿರ ಮುನಿಸು, ಮಗನ ಜೂಜು, ದಿವಾಳಿಯ ಭಯ, ಗುಟ್ಟಾದ ಕಾಯಿಲೆ. ಒಂದು ಮನೆಯ ಸುದ್ದಿಯನ್ನು ಇನ್ನೊಂದು ಮನೆಯಲ್ಲಿ ಬಿಚ್ಚಿದ್ದರೆ ಅವರಿಗೆ ಹೆಚ್ಚು ಗಿರಾಕಿಗಳೇ ಸಿಗುತ್ತಿದ್ದರೋ ಏನೋ! ನಮ್ಮಲ್ಲಿ ಊರ ಸುದ್ದಿ ಬೇಕೆಂದರೆ ಕಟಿಂಗ್ ಶಾಪಿಗೆ ಹೋಗು ಎನ್ನುವುದಿಲ್ಲವೇ? ಟೂಸೇಂಟರ ಹತ್ತಿರ ಅದು ನಡೆಯಲಿಲ್ಲ. ಪಕ್ಕದ ಮನೆಯ ವಿಷಯ ಕೆದಕಿದವರಿಗೆ ತಾನು ಕೂದಲು ಬಾಚುವವನೇ ಹೊರತು ವರ್ತಮಾನ ಪತ್ರಿಕೆಯಲ್ಲ ಎಂದು ನಯವಾಗಿ ತಿಳಿಸಿ ಬಾಚಣಿಗೆ ಓಡಿಸುತ್ತಿದ್ದರು. ಪಾಪನಿವೇದನೆಯ ಗುಟ್ಟನ್ನು ಕಾಯಲು ಗುರುಗಳಿಗೆ ಧರ್ಮಸಭೆಯ ಕಟ್ಟಳೆಯಿದೆ. ಈ ಕ್ಷೌರಿಕನಿಗೆ ಯಾವ ಕಟ್ಟಳೆಯೂ ಇರಲಿಲ್ಲ.

ಅವರ ಸಲಹೆ ಕೇಳುವವರು ಇದ್ದರು, ಗಂಡ ಹೆಂಡಿರ ಜಗಳದಲ್ಲಿ ಅವರನ್ನು ಮಧ್ಯಸ್ಥಿಕೆಗೆ ಎಳೆಯುವವರೂ ಇದ್ದರು. ಆದರೆ ನನಗೆ ಹಿಡಿಸಿದ್ದು ಮಾತಿಲ್ಲದ ಒಂದು ಭೇಟಿ. ಪರಿಚಯದ ಹೆಂಗಸೊಬ್ಬಳ ಮನೆಯಲ್ಲಿ ದೊಡ್ಡ ದುಃಖ ಬಂದಿತ್ತು. ಟೂಸೇಂಟರು ನೋಡಲು ಹೋದರು. ಹಿಂದಿರುಗಿದಾಗ ಏನು ಹೇಳಿ ಸಮಾಧಾನ ಮಾಡಿದಿರಿ ಎಂದು ಯಾರೋ ಕೇಳಿದರು. ಅವರು ಏನೂ ಹೇಳಿರಲಿಲ್ಲ. ಆಕೆಯ ಕೈ ಹಿಡಿದು ಜೊತೆಯಲ್ಲಿ ಅತ್ತು, ಎದ್ದು ಬಂದಿದ್ದರು. ಹೇಳುವಂಥದ್ದು ಏನೂ ಇಲ್ಲದ ಕಡೆ ಸುಮ್ಮನಿರುವುದು ಎಷ್ಟು ಕಷ್ಟ! ಸಾವಿನ ಮನೆಗೆ ಹೋಗಿ ಉಪದೇಶ ಮಾಡಿ ಬರುವ ನಮಗೆ ಅದು ಗೊತ್ತು.

ಈ ನಂಬಿಕೆಯನ್ನು ಅವರು ಸ್ವಂತಕ್ಕೆ ಬಳಸಲಿಲ್ಲ, ಬಡವರಿಗೆ ಬಳಸಿದರು. ಕನ್ನಡಿಯ ಮುಂದೆ ಕುಳಿತ ಸಿರಿವಂತ ಹೆಂಗಸಿಗೆ, ಮುಡಿ ಕಟ್ಟುತ್ತಲೇ, ಅನಾಥಾಲಯದ ಮಕ್ಕಳ ವಿಷಯ ತಿಳಿಸುತ್ತಿದ್ದರು. ಸಂತ ಎಲಿಜಬೆತ್ ಸೀಟನ್ ಅವರ ಕನ್ಯಾಸ್ತ್ರೀಯರು 1817ರಲ್ಲಿ ನಗರಕ್ಕೆ ಬಂದು ಅನಾಥ ಮಕ್ಕಳನ್ನು ನೋಡಿಕೊಳ್ಳತೊಡಗಿದಾಗ ಅವರಿಗಾಗಿ ಕೈಯೊಡ್ಡಿದವರಲ್ಲಿ ಇವರು ಪ್ರಮುಖರು. ಆ ಅನಾಥಾಲಯದಲ್ಲಿದ್ದವು ಬಿಳಿಯರ ಮಕ್ಕಳು ಎಂಬುದನ್ನು ಗಮನಿಸಿ. ಮನೆಯಿಲ್ಲದ ಕರಿಯ ಹುಡುಗರನ್ನು ಟೂಸೇಂಟ್ ದಂಪತಿಗಳು ತಮ್ಮ ಮನೆಯಲ್ಲೇ ಇಟ್ಟುಕೊಂಡು ಸಾಕಿ, ಶಾಲೆಗೆ ಕಳಿಸಿ, ಒಂದು ಕೆಲಸಕ್ಕೆ ಸೇರಿಸುತ್ತಿದ್ದರು. ಆ ಕೆಲಸ ಹುಡುಕಲು ಸಹಾಯವಾದದ್ದೂ ಗಿರಾಕಿಗಳ ಪರಿಚಯವೇ.

ಹಳದಿ ಜ್ವರ ಬಂದ ವರ್ಷ ಮೇಡನ್ ಲೇನ್ ಎಂಬ ಬೀದಿಯನ್ನು ಜನ ಬಿಟ್ಟು ಓಡಿದರು. ಬೀದಿಗೆ ಅಡ್ಡಗಟ್ಟೆ ಹಾಕಿದರು. ಒಂದು ಮನೆಯಲ್ಲಿ ಬಡ ಹೆಂಗಸೊಬ್ಬಳು ಜ್ವರದಲ್ಲಿ ಒಬ್ಬಳೇ ಉಳಿದಿದ್ದಳು. ಟೂಸೇಂಟರು ದಿನವೂ ಆ ಅಡ್ಡಗಟ್ಟೆ ದಾಟಿ ಹೋಗಿ ಆಕೆಯ ಆರೈಕೆ ಮಾಡಿದರು. ಕೊರೊನಾ ಕಾಲದಲ್ಲಿ ನಮ್ಮ ಬೀದಿಗಳಿಗೆ ಬೊಂಬು ಕಟ್ಟಿದ್ದನ್ನು ಕಂಡ ನಿಮಗೆ ಇದರ ಬೆಲೆ ಬಿಡಿಸಿ ಹೇಳಬೇಕಾಗಿಲ್ಲ. ಇನ್ನೊಮ್ಮೆ ಹಡಗಿನ ಜ್ವರ ತಗುಲಿ ಅಟ್ಟದ ಮೇಲೆ ಬಿದ್ದಿದ್ದ ಬಡ ಗುರುಗಳೊಬ್ಬರನ್ನು ಮನೆಗೆ ತಂದು ಬದುಕಿಸಿದರು.

1835ರ ಡಿಸೆಂಬರಿನಲ್ಲಿ ನ್ಯೂಯಾರ್ಕಿಗೆ ದೊಡ್ಡ ಬೆಂಕಿ ಬಿತ್ತು. ಟೂಸೇಂಟರು ಉಳಿಸಿಟ್ಟಿದ್ದ ಹಣದ ಬಹುಪಾಲು ಆ ಬೆಂಕಿಯಲ್ಲಿ ದಿವಾಳಿಯಾದ ವಿಮಾ ಕಂಪನಿಗಳ ಜೊತೆ ಹೋಯಿತು. ವರ್ಷಗಟ್ಟಲೆ ಅವರ ಕೈಗೆ ತಲೆ ಕೊಟ್ಟಿದ್ದ ಮನೆಗಳವರು ಚಂದಾ ಎತ್ತಿ ನಷ್ಟ ತುಂಬಿಕೊಡಲು ಹೊರಟರು. ತನಗಿಂತ ಕಷ್ಟದಲ್ಲಿರುವವರಿದ್ದಾರೆಂದು ಅವರು ಒಪ್ಪಲಿಲ್ಲ. ಎಪ್ಪತ್ತರ ಹತ್ತಿರದ ವಯಸ್ಸಿನಲ್ಲಿ ಮತ್ತೆ ಬಾಚಣಿಗೆ ಹಿಡಿದು ಮನೆಮನೆ ತಿರುಗಿದರು.

ಕುರ್ಚಿಯಿಂದ ಎದ್ದ ಮೇಲೂ ಕೆಲವರ ಸಂಬಂಧ ಮುಗಿಯಲಿಲ್ಲ. ಯುರೋಪಿಗೆ ಹೋಗಿ ನೆಲೆಸಿದ ಗಿರಾಕಿಗಳು ಅಲ್ಲಿಂದ ಅವರಿಗೆ ಪತ್ರ ಬರೆಯುತ್ತಿದ್ದರು. ಪ್ಯಾರಿಸಿನಲ್ಲಿದ್ದ ಜ್ಞಾನತಾಯಿ ಅರೋರಳೂ ಬರೆಯುತ್ತಿದ್ದಳು. ಮೇರಿ ಆನ್ನಾ ಸ್ಕೈಲರ್ ಎಂಬ ಸಿರಿವಂತೆಗಂತೂ ಅವರು ಆಪ್ತ ಬಂಧು. ಆಕೆ ಕಥೋಲಿಕಳಲ್ಲ, ಆದರೂ ಅವರನ್ನು ಸಂತನೆಂದೇ ಕರೆಯುತ್ತಿದ್ದಳು. ಅವರು ಆಡಿದ್ದನ್ನು, ಮಾಡಿದ್ದನ್ನು ಬರೆದಿಟ್ಟುಕೊಂಡಳು. ಆ ಟಿಪ್ಪಣಿಗಳ ನೆರವಿನಿಂದಲೇ ಆಕೆಯ ಸಹೋದರಿ ಹ್ಯಾನ್ನಾ ಲೀ 1854ರಲ್ಲಿ ಟೂಸೇಂಟರ ಜೀವನಚರಿತ್ರೆ ಪ್ರಕಟಿಸಿದರು. ಕ್ಷೌರಿಕನ ಜೀವನವನ್ನು ಗಿರಾಕಿಯ ಮನೆಯವರೇ ಬರೆದು ಉಳಿಸಿದ ಉದಾಹರಣೆ ಬೇರೆಲ್ಲಾದರೂ ಇದೆಯೇ? ನಾನಂತೂ ಕಂಡಿಲ್ಲ.

ಇಷ್ಟೆಲ್ಲ ಪ್ರೀತಿ ಸಿಕ್ಕಿತೆಂದು ಬಣ್ಣದ ಗೋಡೆ ಕುಸಿಯಿತೆಂದುಕೊಳ್ಳಬೇಡಿ. 1842ರಲ್ಲಿ, ಎಪ್ಪತ್ತಾರು ವರ್ಷದ ಟೂಸೇಂಟರು ಪತ್ನಿಯೊಡನೆ ಸಂತ ಪ್ಯಾಟ್ರಿಕ್ಕರ ಹಳೆಯ ಪ್ರಧಾನಾಲಯಕ್ಕೆ ಹೋದಾಗ, ಜನರನ್ನು ಕೂರಿಸುವ ಕೆಲಸದಲ್ಲಿದ್ದ ಒಬ್ಬ ಬಿಳಿಯ ಯುವಕ ಅವರನ್ನು ಒಳಗೆ ಕೂರಲು ಬಿಡಲಿಲ್ಲ. ಆ ದೇವಾಲಯ ಕಟ್ಟಲು ಅವರೇ ಹಣ ಕೂಡಿಸಿಕೊಟ್ಟಿದ್ದರು! ಅವರು ಜಗಳ ಮಾಡದೆ ಹೊರಟರು. ವಿಷಯ ತಿಳಿದು ದೇವಾಲಯದ ಆಡಳಿತ ಮಂಡಳಿಯ ಅಧ್ಯಕ್ಷ ಲೂಯಿ ಬಿನ್ಸ್ ನಾಚಿಕೆಯಿಂದ ಕ್ಷಮೆ ಕೋರಿ ಪತ್ರ ಬರೆದರು.

ಎಂದೋ ಅಮೆರಿಕದಲ್ಲಿ ನಡೆದದ್ದು ಎಂದು ಪಕ್ಕಕ್ಕಿಡಬೇಡಿ. ಎಚ್.ಡಿ. ಕೋಟೆಯ ನೆರೆಯ ನಂಜನಗೂಡು ತಾಲ್ಲೂಕಿನ ಒಂದು ಹಳ್ಳಿಯ ಸುದ್ದಿ 2020ರ ನವೆಂಬರಿನಲ್ಲಿ ಪತ್ರಿಕೆಗಳಲ್ಲಿ ಬಂದಿತ್ತು. ದಲಿತರಿಗೆ ಕ್ಷೌರ ಮಾಡಿದ ತಪ್ಪಿಗೆ 50,000 ರೂಪಾಯಿ ದಂಡ ಹಾಕಿ ಬಹಿಷ್ಕಾರ ಹಾಕಿದ್ದಾರೆಂದು ಕ್ಷೌರಿಕರೊಬ್ಬರು ದೂರಿದ್ದರು. ಎಲ್ಲರ ತಲೆಯನ್ನೂ ಮುಟ್ಟಬೇಕಾದ ಕೈ, ಯಾರ ತಲೆ ಮುಟ್ಟಬೇಕು, ಯಾರದ್ದು ಮುಟ್ಟಬಾರದು ಎಂದು ಊರಿನ ಬಲಾಢ್ಯರಿಂದ ಅಪ್ಪಣೆ ಪಡೆಯಬೇಕೇ? ಮುಟ್ಟುವ ಕ್ಷೌರಿಕನಿಗಾದರೂ ಮರ್ಯಾದೆ ಇದೆಯೇ? ಮದುವೆಯಲ್ಲಿ ಅವರ ಮನೆಯವರೇ ಮಂಗಳವಾದ್ಯ ನುಡಿಸಬೇಕು. ಆದರೆ ಅವರ ಕಸುಬಿನ ಹೆಸರನ್ನು ನಾವು ಬೈಗುಳ ಮಾಡಿಕೊಂಡಿದ್ದೇವೆ. ನಿಮ್ಮ ಮನೆಯ ಮಕ್ಕಳ ಬಾಯಲ್ಲೂ ಆ ಪದ ಬಂದೀತು, ಕಿವಿಗೊಟ್ಟು ನೋಡಿ.

ಜೂಲಿಯೆಟ್ 1851ರಲ್ಲಿ ತೀರಿಕೊಂಡರು. ಮರುವರ್ಷ ಸ್ಕೈಲರ್ ಅವರೂ ಹೋದರು. ಟೂಸೇಂಟರು ಕೋಲೂರಿಕೊಂಡು ಫ್ರಾಂಕ್ಲಿನ್ ಬೀದಿಯ ಮನೆಯಿಂದ ದೇವಾಲಯಕ್ಕೆ ಹೋಗಿ ಬರುತ್ತಿದ್ದರು. 1853ರ ಜೂನ್ 30ರಂದು ಅವರು ಪ್ರಾಣಬಿಟ್ಟರು. ಸಂತ ಪೇತ್ರರ ದೇವಾಲಯದಲ್ಲಿ ನಡೆದ ಅಂತಿಮ ಪೂಜೆಗೆ ಅವರ ರಕ್ತಸಂಬಂಧಿಗಳು ಯಾರೂ ಉಳಿದಿರಲಿಲ್ಲ. ಆದರೂ ದೇವಾಲಯ ತುಂಬಿತ್ತು. ಕರಿಯರು ಬಿಳಿಯರು, ಸಿರಿವಂತರು ಬಡವರು, ಕಥೋಲಿಕರು ಬೇರೆ ಸಭೆಯವರು, ಎಲ್ಲರೂ ಬಂದಿದ್ದರು. ತನ್ನನ್ನು ಕೂರಗೊಡದ ಅದೇ ಹಳೆಯ ಪ್ರಧಾನಾಲಯದ ಅಂಗಳದಲ್ಲಿ, ಹೆಂಡತಿ ಮಗಳ ಪಕ್ಕದಲ್ಲಿ ಅವರನ್ನು ಹೂಳಿದರು.

1990ರಲ್ಲಿ ನ್ಯೂಯಾರ್ಕಿನ ಮಹಾಧರ್ಮಾಧ್ಯಕ್ಷರಾಗಿದ್ದ ಕಾರ್ಡಿನಲ್ ಜಾನ್ ಒಕಾನರ್ ಅವರ ಅವಶೇಷಗಳನ್ನು ಅಲ್ಲಿಂದ ಎತ್ತಿಸಿ, ಐದನೆಯ ಅವೆನ್ಯೂದಲ್ಲಿರುವ ಈಗಿನ ಸಂತ ಪ್ಯಾಟ್ರಿಕ್ಕರ ಪ್ರಧಾನಾಲಯದ ಮುಖ್ಯ ಪೀಠದ ಕೆಳಗಿನ ಸಮಾಧಿಕೋಣೆಗೆ ತರಿಸಿದರು. ಜಗದ್ಗುರು ಎರಡನೆಯ ಜಾನ್ ಪಾಲರು 1996ರ ಡಿಸೆಂಬರಿನಲ್ಲಿ ಅವರನ್ನು ಪೂಜನೀಯರೆಂದು ಘೋಷಿಸಿದರು. ಆ ಕೋಣೆ ಇರುವುದು ಮಹಾಧರ್ಮಾಧ್ಯಕ್ಷರುಗಳಿಗಾಗಿ. ಅವರ ನಡುವೆ ಮಲಗಿರುವ ಮೊದಲ ಶ್ರೀಸಾಮಾನ್ಯ ಈ ಕ್ಷೌರಿಕ. 2000ನೇ ಇಸವಿಯಲ್ಲಿ ತೀರಿಕೊಂಡ ಕಾರ್ಡಿನಲ್ ಒಕಾನರ್ ಅವರನ್ನೂ ಅದೇ ಕೋಣೆಯಲ್ಲಿ ಹೂಳಲಾಯಿತು.